ಕೌಟಿಲೀಯದಲ್ಲಿ ಸೇನೆಯ ವಿಚಯಕಾರ್ಯ

ಮೈಸೂರಿನ ಪ್ರಾಚ್ಯ ಗ್ರಂಥಭಂಡಾರಕ್ಕೆ ಬಂದು ಸೇರಿದ್ದ ತಾಳೆಯೋಲೆಯ ಪ್ರತಿಯೊಂದರಿಂದ ಕೌಟಿಲ್ಯನ ಅರ್ಥಶಾಸ್ತ್ರವು ಬೆಳಕನ್ನು ಕಂಡುದು, ಅದನ್ನು ಪಂಡಿತ ಆರ್. ಶಾಮಶಾಸ್ತ್ರಿಗಳು 1909ರಲ್ಲಿ ಅಚ್ಚುಮಾಡಿಸಿ ಪ್ರಕಟಿಸಿದುದು, ವಿದ್ವಾಂಸರಿಗೆಲ್ಲ ವಿದಿತವೇ ಆಗಿದೆ. ಅಂದಿನಿಂದ ಈ ಗ್ರಂಥವನ್ನು ಕುರಿತು ನಡೆದ ವಿಚಾರಗಳಲ್ಲಿ ಗೂಢಚಾರರ ಪ್ರಕರಣಕ್ಕೆ ದೊರೆತಷ್ಟು ಪ್ರಸಿದ್ಧಿಯು ಬೇರೆ ಯಾವುದಕ್ಕೂ ದೊರೆತಂತಿಲ್ಲ. ಜಟೆ ಬೆಳೆಸಿದ ತಾಪಸ, ವಿಷವಿಡುವ ರಸದ, ಅಂತಃಪುರವನ್ನು ಹೊಗುವ ಭಿಕ್ಷುಕಿ ಇವರ ವರ್ಣನೆಯು ಓದುಗರ ಕುತೂಹಲವನ್ನು ಸೆಳೆದುದು ಸಹಜವೇ. ಆದರೆ ಇದರಿಂದ ಒಂದು ಹಾನಿಯೂ ಸಂಭವಿಸಿದೆ. ಶತ್ರುವಿನ ಸಂಗತಿಯನ್ನು ಅರಿಯುವ ಕಾರ್ಯವೆಲ್ಲವೂ ವೇಷಧಾರಿಗಳ ಕಪಟಕಾರ್ಯವೇ ಎಂಬ ಭಾವನೆ ಬೇರೂರಿ, ಸೇನೆಯು ನಡೆಯುವಾಗ ಅದಕ್ಕೆ ಮುಂದಾಗಿ ಹೋಗಿ ನೆಲವನ್ನೂ ನೀರನ್ನೂ ಕಾಡನ್ನೂ ಹಗೆಯ ಚಲನೆಯನ್ನೂ ನೋಡಿ ಬರುವವರ ಕಾರ್ಯವು ಮರೆಯಾಗಿ ಹೋಯಿತು. ಈ ಎರಡನೆಯ ಕಾರ್ಯಕ್ಕೆ ಗ್ರಂಥದಲ್ಲಿಯೇ ‘ವಿಚಯ’ವೆಂಬ ಮಾತಿದೆ. ಹುಡುಕಿ ನೋಡುವುದು, ಶೋಧಿಸುವುದು ಎಂದು ಅದರ ಅರ್ಥ. ಆ ವಿಚಯಕಾರ್ಯವನ್ನು ಮಾಡುವವರು ಯಾರು, ಅವರ ಶಿಕ್ಷಣವೆಂತಹುದು, ಅವರಿಗೆ ಸಂದ ಮರ್ಯಾದೆ ಎಷ್ಟು ಎಂಬುದನ್ನು ವಿವೇಚಿಸುವುದೇ ಪ್ರಕೃತ ಲೇಖನದ ಉದ್ದೇಶ.

ಮೊದಲಿಗೆ ಒಂದು ಮಾತನ್ನು ಹೇಳಿಬಿಡುವುದು ಯುಕ್ತ. ಅರ್ಥಶಾಸ್ತ್ರದ ಕಾಲವನ್ನು ಕುರಿತು ಮತಭೇದಗಳಿವೆ. ಚಂದ್ರಗುಪ್ತ ಮೌರ್ಯನ ಕಾಲವೆಂಬ ಪಕ್ಷವೂ, ಕ್ರಿಸ್ತಶಕದ ಮೊದಲ ಶತಮಾನಗಳ ವರೆಗೆ ಇಳಿಸುವ ಪಕ್ಷವೂ ಉಂಟು. ಅಲ್ಲದೆ ಇದು ಶಾಸ್ತ್ರ. ಹೀಗೆ ಮಾಡತಕ್ಕದ್ದು ಎಂದು ವಿಧಿಸುತ್ತದೆಯೇ ಹೊರತು ಇಂತಹ ಅರಸನು ಹೀಗೆ ಮಾಡಿದನೆಂದು ಹೇಳುವ ವೃತ್ತಾಂತವಲ್ಲ. ಆದಕಾರಣ ಇಲ್ಲಿ ಹೇಳುವುದನ್ನು ಯುದ್ಧಕಾರ್ಯವನ್ನು ಬಲ್ಲವರ ಚಿಂತನೆಯೆಂದು ತಿಳಿಯಬೇಕಲ್ಲದೆ ಒಂದು ರಾಜ್ಯದ ದಾಖಲೆಯೆಂದು ತಿಳಿಯಲಾಗದು.

ಗೂಢಪುರುಷರೆಂದು ಹೆಸರಾದವರು ಒಂಬತ್ತು ಬಗೆ. ಕಾಪಟಿಕ, ಉದಾಸ್ಥಿತ, ಗೃಹಪತಿಕ, ವೈದೇಹಕ, ತಾಪಸ ಎಂಬ ಐವರು ಒಂದೆಡೆ ನೆಲಸಿರುವವರು. ಇವರಿಗೆ ಸಂಸ್ಥೆಯೆಂದು ಹೆಸರು. ಸತ್ರಿ, ತೀಕ್ಷ್ಣ, ರಸದ, ಭಿಕ್ಷುಕಿ ಎಂಬ ನಾಲ್ವರು ಸಂಚರಿಸುವವರು. ಇವರಲ್ಲಿ ಸತ್ರಿಯ ಶಿಕ್ಷಣವನ್ನು ಗ್ರಂಥಕಾರನು ವಿವರವಾಗಿಯೇ ಹೇಳಿದ್ದಾನೆ. ಬಂಧುಗಳಿಲ್ಲದವರೂ ಅರಸನಿಂದಲೇ ಪೋಷಿತರಾಗಬೇಕಾದವರೂ ಆದ ಬಾಲಕರಿಗೆ ಲಕ್ಷಣವಿದ್ಯೆ, ಅಂಗವಿದ್ಯೆ, ಇಂದ್ರಜಾಲ, ಆಶ್ರಮಧರ್ಮ, ನಿಮಿತ್ತಶಾಸ್ತ್ರ ಮೊದಲಾದವುಗಳನ್ನು ಕಲಿಸಿ ಈ ಕೆಲಸಕ್ಕೆ ನಿಲ್ಲಿಸತಕ್ಕದ್ದು. ಇದು ಗುರುಮುಖದಿಂದ ಬರುವ ವಿದ್ಯೆ. ಇದರ ಪ್ರಯೋಜನವಾದರೂ ಏನು? ಅಮಾತ್ಯನ ಶುಚಿತ್ವವನ್ನು ತಿಳಿಯುವುದು, ಪ್ರಜೆಗಳ ರಾಗಾಪರಾಗಗಳನ್ನು ತಿಳಿಯುವುದು, ಪರರಾಜನ ಮನೆಯೊಳಗಿನ ಗುಟ್ಟನ್ನು ತಿಳಿಯುವುದು. ಒಟ್ಟಿನಲ್ಲಿ ಮನುಷ್ಯರ ಮನಸ್ಸನ್ನು ತಿಳಿಯುವುದು. ಹಳ್ಳದಲ್ಲಿ ನೀರು ಎಷ್ಟಿದೆ, ಬೆಟ್ಟದ ಆಚೆ ಧೂಳೆದ್ದಿದೆಯೇ ಎಂಬುದನ್ನು ನೋಡುವುದಕ್ಕೆ ಅಂಗವಿದ್ಯೆಯಾಗಲಿ ಆಶ್ರಮಧರ್ಮವಾಗಲಿ ಬೇಕಾಗುವುದಿಲ್ಲ.

ಆ ಕೆಲಸವನ್ನು ಮಾಡುವವರನ್ನು ಬೇರೆಡೆಯಲ್ಲಿ ಹುಡುಕಬೇಕು. ಎರಡನೆಯ ಅಧಿಕರಣದ ವಿವೀತಾಧ್ಯಕ್ಷನ ಪ್ರಕರಣದಲ್ಲಿ, ಎಂದರೆ ಗೋಮಾಳಗಳ ಮೇಲ್ವಿಚಾರಕನ ಕರ್ತವ್ಯಗಳನ್ನು ಹೇಳುವಲ್ಲಿ, ಅವರು ಮೊದಲು ಕಾಣಸಿಗುತ್ತಾರೆ. ಲುಬ್ಧಕರು ಮತ್ತು ಶ್ವಗಣಿಗಳು, ಎಂದರೆ ಬೇಡರೂ ಬೇಟೆನಾಯಿಗಳನ್ನು ಸಾಕಿದವರೂ, ಕಾಡುಗಳಲ್ಲಿ ಸುತ್ತುತ್ತಿರಬೇಕು. ಕಳ್ಳರಾಗಲಿ ಹಗೆಗಳಾಗಲಿ ಬಂದುದನ್ನು ಕಂಡರೆ ಅವರು ಎದುರಾಗಿ ಕಾದಬೇಕೆಂದು ವಿಧಿಯಿಲ್ಲ. ಬೆಟ್ಟವನ್ನೋ ಮರವನ್ನೋ ಏರಿ, ಕೈಗೆ ಸಿಕ್ಕದಂತೆ ಇದ್ದುಕೊಂಡು, ಶಂಖವನ್ನೂ ದುಂದುಭಿಯನ್ನೂ ಧ್ವನಿಗೈಯಬೇಕು. ಇಲ್ಲವೆ ವೇಗವಾದ ವಾಹನದಿಂದ ಹೋಗಿ ತಿಳಿಸಬೇಕು. ಶತ್ರುಗಳ ಮತ್ತು ಆಟವಿಕರ ಚಲನೆಯನ್ನು ಅರಸನಿಗೆ ಮುಟ್ಟಿಸುವುದಕ್ಕೆ ಎರಡು ಉಪಾಯಗಳು ಉಕ್ತವಾಗಿವೆ: ಮುದ್ರೆ ಕಟ್ಟಿದ ಸಾಕುಪಾರಿವಾಳಗಳು ಒಂದು, ಹೊಗೆ ಮತ್ತು ಬೆಂಕಿಯ ಪರಂಪರೆ ಇನ್ನೊಂದು. ಹೊಗೆಯು ಹಗಲಿಗೂ ಬೆಂಕಿಯು ಇರುಳಿಗೂ ಎಂದು ವಿಂಗಡಿಸಿ ಅರ್ಥಮಾಡುವುದು ಸಹಜವಾಗಿದೆ. ಪರಂಪರೆಯೆಂಬ ಮಾತಿನಿಂದ ಒಬ್ಬನು ಎಬ್ಬಿಸಿದ ಗುರುತನ್ನು ದೂರದಲ್ಲಿರುವ ಮತ್ತೊಬ್ಬನು ಕಂಡು ತಾನೂ ಎಬ್ಬಿಸುವಂತೆ ಕಾವಲುನೆಲೆಗಳು ಮೊದಲೇ ಗೊತ್ತಾಗಿದ್ದುವೆಂಬುದು ಸ್ಪಷ್ಟ.

ಇಲ್ಲಿ ಗಮನಿಸತಕ್ಕ ಅಂಶವೊಂದಿದೆ. ಇವರ ಕೆಲಸದಲ್ಲಿ ಕಪಟವೆಂಬುದೇ ಇಲ್ಲ. ವೇಷವಿಲ್ಲ, ಸುಳ್ಳು ಹೆಸರಿಲ್ಲ. ಬೇಡನು ಬೇಡನಾಗಿಯೇ ಇದ್ದುಕೊಂಡು ನೋಡುತ್ತಾನೆ. ಮರೆಯಾಗಿರುವುದು ಪ್ರಾಣರಕ್ಷಣೆಗಾಗಿಯೇ ಹೊರತು ವಂಚನೆಗಲ್ಲ. ನೋಡುವುದು, ಸಿಕ್ಕಿಬೀಳದಿರುವುದು, ತಿಳಿಸುವುದು ಎಂಬ ಮೂರರಲ್ಲಿ ಅವನ ಕರ್ತವ್ಯವೆಲ್ಲವೂ ಅಡಗಿದೆ. ಕಾದಿ ಸತ್ತ ಕಾವಲಿನವನಿಂದ ಸೇನೆಗೆ ಸುದ್ದಿ ಬಾರದೆಂಬ ತತ್ತ್ವವನ್ನು ಈ ವಿಧಿಯು ಗರ್ಭೀಕರಿಸಿಕೊಂಡಿದೆ.

ಇದೇ ಜನರು ಹತ್ತನೆಯ ಅಧಿಕರಣದಲ್ಲಿ ಮರಳಿ ಬರುತ್ತಾರೆ. ಪಾಳೆಯವನ್ನು ಹೂಡುವ ಕ್ರಮವನ್ನು ಹೇಳುವಾಗ ಒಳಗೆ ಅರಸನ ಬಿಡಾರ, ಮಂತ್ರಿ ಪುರೋಹಿತರು, ಭಂಡಾರ, ಆನೆ, ಕುದುರೆ, ರಥ ಎಂದು ಸುತ್ತುಸುತ್ತಾಗಿ ಸ್ಥಾನಗಳನ್ನು ಗೊತ್ತುಮಾಡಿ, ಎಲ್ಲದರಿಂದ ಹೊರಗೆ ಬೇಡರನ್ನೂ ಶ್ವಗಣಿಗಳನ್ನೂ ವಾದ್ಯ ಮತ್ತು ಬೆಂಕಿಯೊಡನೆ ಇರಿಸತಕ್ಕದ್ದೆಂದೂ, ಅವರೊಡನೆ ಗೂಢವಾದ ಕಾವಲನ್ನೂ ಇಡತಕ್ಕದ್ದೆಂದೂ ಹೇಳಿದೆ. ಹದಿನೆಂಟು ವರ್ಗಗಳ ಕಾವಲು ಸರದಿಯಂತೆ ಬದಲಾಗುತ್ತಿರಬೇಕು; ಹಗೆಯ ಕಡೆಯ ಚಾರರನ್ನು ಅರಿಯುವುದಕ್ಕಾಗಿ ಹಗಲು ಕಾವಲೂ ಇರಬೇಕು; ಜಗಳ, ಮದ್ಯಪಾನ, ಕೂಟ, ಜೂಜು ನಿಲ್ಲಬೇಕು; ಮುದ್ರೆಯಿಲ್ಲದೆ ಹೋಗುವುದೂ ಬರುವುದೂ ಕೂಡದು. ಹೀಗೆ ನಾಡಿನಲ್ಲಿ ಶಾಂತಿಕಾಲದಲ್ಲಿ ಯಾರು ಕಾಡನ್ನು ಕಾಯುತ್ತಿದ್ದರೋ ಅವರೇ ಯುದ್ಧಕಾಲದಲ್ಲಿ ಪಾಳೆಯದ ಹೊರಗಣ್ಣಾಗುತ್ತಾರೆ. ಅವರಿಗೆ ಹೊಸ ಶಿಕ್ಷಣವನ್ನು ಕೊಡಬೇಕೆಂದು ಗ್ರಂಥಕಾರನು ಎಲ್ಲಿಯೂ ವಿಧಿಸುವುದಿಲ್ಲ. ಹೆಜ್ಜೆಯನ್ನು ಹಿಡಿದು ಹೋಗುವುದು, ಗಾಳಿಯ ದಿಕ್ಕನ್ನು ನೋಡಿ ನಿಲ್ಲುವುದು, ನಾಯಿಯ ಕಿವಿ ನಿಮಿರಿದುದರಿಂದ ಅಪಾಯವನ್ನು ಅರಿಯುವುದು ಇವೆಲ್ಲ ಅವರ ವೃತ್ತಿಯೇ ಕಲಿಸಿದ ಪಾಠಗಳು.

ಇನ್ನು ನಡೆಯುವ ಸೇನೆಗೆ ಮುಂದಾಗಿ ಹೋಗುವವರ ವಿಚಾರ. ಚತುರಂಗದ ಒಂದೊಂದು ಅಂಗಕ್ಕೂ ಉಚಿತವಾದ ಕಾರ್ಯಗಳನ್ನು ಎಣಿಸುವಲ್ಲಿ ಅಶ್ವಸೈನ್ಯದ ಮೊದಲ ಕಾರ್ಯವಾಗಿ ಹೇಳಿರುವುದು ಯುದ್ಧವನ್ನಲ್ಲ. ಭೂಮಿ, ಪಾಳೆಯಕ್ಕೆ ತಕ್ಕ ನೆಲ, ಕಾಡು ಇವುಗಳ ವಿಚಯವನ್ನು. ಅನಂತರ ಏರುತಗ್ಗಿನ ಸ್ಥಳಗಳು, ನೀರು, ನದಿಯನ್ನು ದಾಟುವ ಕಡವು, ಗಾಳಿ ಬೆಳಕುಗಳು ತನಗೆ ಅನುಕೂಲವಾಗಿರುವ ನೆಲ ಇವುಗಳನ್ನು ಮೊದಲೇ ಹಿಡಿಯುವುದು. ಹಗೆಯ ಧಾನ್ಯಸಾಮಗ್ರಿಯನ್ನೂ ನೆರವಿನ ಸೇನೆಯನ್ನೂ ತಡೆಯುವುದು, ತನ್ನದನ್ನು ಕಾಯುವುದು. ಹಗೆಯ ಮೇಲೆ ಬೀಳುವ ಮಾತು ಇವುಗಳ ಮುಂದೆ ಬರುತ್ತದೆ. ಆನೆಗಳಿಗೂ ಮುಂದೆ ನಡೆದು ದಾರಿಯಿಲ್ಲದ ಕಡೆ ದಾರಿಯನ್ನೂ ಕಡವನ್ನೂ ಮಾಡುವ ಕೆಲಸವಿದೆ. ಶಿಬಿರ, ಮಾರ್ಗ, ಸೇತುವೆ, ಬಾವಿ, ಕಡವು ಇವುಗಳ ಶೋಧನವು ವಿಷ್ಟಿಗಳೆಂಬ ಕೂಲಿಯಾಳುಗಳದು. ಕುದುರೆಯವನು ನೋಡಿ ಬಂದುದನ್ನು ಆನೆಯೂ ಆಳೂ ಸರಿಪಡಿಸುವರೆಂದು ಈ ಮೂರನ್ನೂ ಒಟ್ಟಿಗೆ ಓದಿದಲ್ಲಿ ತೋರುತ್ತದೆ.

ಇವರಿಗೆ ಕಾಲಾವಕಾಶವು ಎಷ್ಟೆಂಬುದನ್ನು ಗ್ರಂಥದ ಅಂಕೆಗಳಿಂದಲೇ ಊಹಿಸಬಹುದು. ಸೇನೆಯ ದಿನದ ನಡೆಯು ಕನಿಷ್ಠ ಪಕ್ಷದಲ್ಲಿ 1 ಯೋಜನ, ಮಧ್ಯಮ ಪಕ್ಷದಲ್ಲಿ ಒಂದೂವರೆ, ಉತ್ತಮ ಪಕ್ಷದಲ್ಲಿ 2 ಯೋಜನ. ಬೆನ್ನಿನ ಮೇಲೆ ಹೊರುವ ಕುದುರೆಗಳಿಗೆ ಅಶ್ವಾಧ್ಯಕ್ಷನ ಪ್ರಕರಣದಲ್ಲಿ ಹೇಳಿರುವ ದಾರಿಯಾದರೋ ಕ್ರಮವಾಗಿ 5, ಏಳೂವರೆ, 10 ಯೋಜನ. ಯೋಜನದ ಅಳತೆಯನ್ನು ಕುರಿತು ವಿವಾದವಿದ್ದರೂ ಅನುಪಾತವು ಅದರಿಂದ ಕೆಡುವುದಿಲ್ಲ. ಸೇನೆಯು ಒಂದು ಭಾಗ ನಡೆಯುವಷ್ಟರಲ್ಲಿ ಒಳ್ಳೆಯ ಕುದುರೆಯು ಐದು ಭಾಗ ನಡೆಯಬಲ್ಲದು. ಮುಂದಣ ಎರಡು ಬೀಡುಗಳ ನೆಲವನ್ನು ನೋಡಿಕೊಂಡು ಅದೇ ದಿನ ಹಿಂದಿರುಗುವುದಕ್ಕೆ ಈ ಅಂತರವು ಸಾಕು. ಮೇವು, ಸೌದೆ, ನೀರು ಇವುಗಳ ಪ್ರಮಾಣವನ್ನು ಮೊದಲೇ ಎಣಿಸಿ ದಾರಿಯ ಬೀಡುಗಳನ್ನು ಗೊತ್ತುಮಾಡಿಕೊಂಡ ಬಳಿಕವೇ ಯಾತ್ರೆ ಹೊರಡತಕ್ಕದ್ದೆಂಬ ವಿಧಿಯು ಸಾರ್ಥಕವಾಗುವುದು ಇಂತಹ ಅಂತರವಿದ್ದಾಗಲೇ.

ಕುದುರೆಯವರ ಶಿಕ್ಷಣವು ಸತ್ರಿಯದರಂತೆ ವಿದ್ಯೆಯೂ ಅಲ್ಲ, ಬೇಡನದರಂತೆ ವೃತ್ತಿಯೂ ಅಲ್ಲ, ಅದು ವ್ಯಾಯಾಮ. ಸಂಧಿದಿನಗಳನ್ನು ಬಿಟ್ಟು ಮಿಕ್ಕೆಲ್ಲ ದಿನಗಳಲ್ಲಿಯೂ ಸೂರ್ಯೋದಯದ ಹೊತ್ತಿಗೆ ಆನೆ, ಕುದುರೆ, ರಥ, ಕಾಲಾಳುಗಳು ಊರ ಹೊರಗೆ ಅಭ್ಯಾಸಮಾಡತಕ್ಕದ್ದು. ಅರಸನು ಅದರಲ್ಲಿ ಸದಾ ಆಸಕ್ತನಾಗಿದ್ದು ಪದೇ ಪದೇ ನೋಡತಕ್ಕದ್ದು. ಸವಾರಿಯ ಕುದುರೆಗೆ ಕಲಿಸುವ ಐದು ಗತಿಗಳಲ್ಲಿ ನೆಗೆತವೂ ಒಂದು. ಕೊನೆಯದಾದ ನಾರೋಷ್ಟ್ರವೆಂಬುದು ಸನ್ನೆಗೆ ತಕ್ಕಂತೆ ನಡೆಯುವುದು. ಹಳ್ಳವನ್ನು ಹಾರುವ ಕುದುರೆಯೂ ಸದ್ದಿಲ್ಲದೆ ಸನ್ನೆಯಿಂದಲೇ ತಿರುಗುವ ಕುದುರೆಯೂ ವಿಚಯಕ್ಕೆ ಎಷ್ಟು ಮುಖ್ಯವೆಂಬುದನ್ನು ವಿಸ್ತರಿಸಿ ಹೇಳಬೇಕಾಗಿಲ್ಲ.

ಈ ವಿಭಾಗವು ಲೇಖಕನ ಕಲ್ಪನೆಯಲ್ಲವೆಂಬುದಕ್ಕೆ ಅರಸನ ದಿನಚರ್ಯೆಯೇ ಸಾಕ್ಷಿ. ಹಗಲಿನ ಎಂಟು ಭಾಗಗಳಲ್ಲಿ ಐದನೆಯದರಲ್ಲಿ ಚಾರರು ತಂದ ಗುಹ್ಯವನ್ನು ಕೇಳುವುದು, ಇರುಳಿನ ಮೊದಲ ಭಾಗದಲ್ಲಿ ಗೂಢಪುರುಷರನ್ನು ಕಾಣುವುದು, ಏಳನೆಯದರಲ್ಲಿ ಅವರನ್ನು ಕಳುಹಿಸುವುದು. ಆನೆ, ಕುದುರೆ, ರಥ, ಆಯುಧಜೀವಿಗಳನ್ನು ನೋಡುವುದು ಹಗಲಿನ ಏಳನೆಯ ಭಾಗದಲ್ಲಿ. ಸೇನಾಪತಿಯೊಡನೆ ವಿಕ್ರಮದ ಆಲೋಚನೆಯು ಎಂಟನೆಯದರಲ್ಲಿ. ಗೂಢಪುರುಷರ ಭೇಟಿಗೆ ಇರುಳು, ಸೇನೆಯ ಭೇಟಿಗೆ ಹಗಲು ಎಂದು ಹೊತ್ತುಗಳೇ ಬೇರೆಯಾಗಿವೆ. ಆದರೆ ಎರಡೂ ದಾರಿಗಳು ಸಂಧಿಸುವ ಎಡೆಯೊಂದುಂಟು. ಗೂಢಪುರುಷಪ್ರಕರಣದ ಕೊನೆಯಲ್ಲಿ ಶ್ರಮಣರು, ಆಟವಿಕರು ಮೊದಲಾದ ವನಚರರನ್ನು ಕಾಡಿನಲ್ಲಿ ನಿಯಮಿಸಿ ಹಗೆಯ ಪ್ರವೃತ್ತಿಯನ್ನು ತಿಳಿಯುವ ಶೀಘ್ರವಾದ ಸಾಲೊಂದನ್ನು ಮಾಡಿಕೊಳ್ಳಬೇಕೆಂದು ಹೇಳಿದೆ. ರಾಯಭಾರಿಗೂ ಇಂತಹುದೇ ಒಂದು ಹೊಣೆಯಿದೆ: ಹೋಗುವ ದಾರಿಯಲ್ಲಿ ಅಟವೀಪಾಲರ, ಗಡಿಯ ಅಧಿಕಾರಿಗಳ ಪರಿಚಯವನ್ನು ಬೆಳೆಸಿ, ಸೇನೆ ನಿಲ್ಲುವ, ಕಾದುವ, ಹಿಮ್ಮೆಟ್ಟುವ ನೆಲಗಳನ್ನು ತನ್ನ ಪಕ್ಷಕ್ಕೂ ಹಗೆಯ ಪಕ್ಷಕ್ಕೂ ನೋಡಿಡತಕ್ಕದ್ದು.

ಕಂಡುದನ್ನು ಹೇಳಿದ ಮಾತ್ರಕ್ಕೆ ಅದು ನಂಬಿಕೆಗೆ ಅರ್ಹವಾಗುವುದೇ? ಮೂವರು ಬೇರೆಬೇರೆಯಾಗಿ ತಂದ ಮಾತು ಒಂದೇ ಆದರೆ ನಂಬತಕ್ಕದ್ದೆಂಬುದು ಚಾರರ ವಿಷಯದಲ್ಲಿ ಗ್ರಂಥಕಾರನ ನಿಯಮ. ಮತ್ತೆ ಮತ್ತೆ ತಪ್ಪು ಸುದ್ದಿ ತರುವವರಿಗೆ ಗುಟ್ಟಾದ ದಂಡನೆ ಅಥವಾ ಕೆಲಸದಿಂದ ತೆಗೆಯುವುದು. ಒಬ್ಬ ಚಾರನಿಗೆ ಇನ್ನೊಬ್ಬನು ಯಾರೆಂದು ತಿಳಿಯಕೂಡದೆಂಬ ಕಟ್ಟು ಈ ನಿಯಮಕ್ಕೆ ಆಧಾರ. ಆದರೆ ಸೇನೆಯ ವಿಚಯದಲ್ಲಿ ಮೂವರು ಬರುವ ವರೆಗೆ ಕಾಯುವುದಕ್ಕೆ ಹೊತ್ತಿರುವುದಿಲ್ಲ. ಅಲ್ಲಿ ಅರಸನ ವಿವೇಕವೇ ಮೂರನೆಯ ಸಾಕ್ಷಿಯಾಗಬೇಕು. ಆ ವಿವೇಕವು ತಪ್ಪಿದಲ್ಲಿ ಏನಾಗುವುದೆಂಬುದಕ್ಕೆ ನಮ್ಮ ದೇಶದ ಚರಿತ್ರೆಯಲ್ಲಿಯೇ ಒಳ್ಳೆಯ ನಿದರ್ಶನವಿದೆ.

ಕ್ರಿ. ಪೂ. 326ರಲ್ಲಿ ವಿತಸ್ತಾ ನದಿಯ ಒಂದು ದಡದಲ್ಲಿ ಅಲೆಕ್ಸಾಂಡರನೂ ಇನ್ನೊಂದು ದಡದಲ್ಲಿ ಪೋರಸನೆಂದು ಗ್ರೀಕರು ಕರೆದ ಪೌರವನೂ ಬೀಡುಬಿಟ್ಟಿದ್ದರು. ಈ ವೃತ್ತಾಂತವನ್ನು ಬರೆದ ಅರಿಯನನು ಕ್ರಿಸ್ತಶಕದ ಎರಡನೆಯ ಶತಮಾನದವನಾದರೂ, ಅಲೆಕ್ಸಾಂಡರನ ಜೊತೆಯಲ್ಲಿದ್ದ ಟಾಲೆಮಿ ಮತ್ತು ಅರಿಸ್ಟೊಬ್ಯುಲಸರ ಬರಹಗಳನ್ನು ಆಧರಿಸಿದ್ದಾನೆ. ಅಲೆಕ್ಸಾಂಡರನು ಇರುಳಿರುಳೂ ಕುದುರೆಗಳನ್ನು ದಡದುದ್ದಕ್ಕೂ ಓಡಿಸಿ ರಣಘೋಷವನ್ನು ಎಬ್ಬಿಸುತ್ತಿದ್ದನು. ಮೊದಮೊದಲು ಪೌರವನು ಆನೆಗಳೊಡನೆ ಎದುರುದಡದಲ್ಲಿ ಹಿಂಬಾಲಿಸುತ್ತಿದ್ದನು. ಬರಿಯ ಕೂಗಲ್ಲದೆ ಮತ್ತೇನೂ ಇಲ್ಲವೆಂದು ಕಂಡ ಮೇಲೆ ಬೀಡಿನಲ್ಲಿಯೇ ನಿಂತು, ದಡದ ಹಲವೆಡೆಗಳಲ್ಲಿ ನೋಡುವವರನ್ನು ಮಾತ್ರ ಇರಿಸಿದನು. ಅನಂತರ ಅಲೆಕ್ಸಾಂಡರನು ಸೇನೆಯ ಒಂದು ಭಾಗವನ್ನು ಬೀಡಿನಲ್ಲಿಯೇ ಬಿಟ್ಟು, ಸುಮಾರು 150 ಸ್ಟೇಡಿಯ, ಎಂದರೆ ಹೆಚ್ಚು ಕಡಮೆ 17 ಮೈಲಿ ದೂರದಲ್ಲಿ ಕಾಡು ಬೆಳೆದ ದ್ವೀಪದ ಮರೆಯಲ್ಲಿ, ಗುಡುಗುಮಳೆಯ ಇರುಳಿನಲ್ಲಿ ನದಿಯನ್ನು ದಾಟಿದನು.

ಪೌರವನ ಕಾವಲಿನವರು ತಪ್ಪಲಿಲ್ಲ. ದಾಟುವವರನ್ನು ಕಂಡೊಡನೆ ಕುದುರೆಗಳ ಶಕ್ತಿಯಿದ್ದಷ್ಟು ವೇಗದಿಂದ ಹೋಗಿ ಅರಸನಿಗೆ ತಿಳಿಸಿದರು. ಆದರೆ ಎದುರಿನ ಬೀಡಿನಲ್ಲಿ ಸೇನೆಯು ಇದ್ದಂತೆಯೇ ಕಾಣುತ್ತಿದ್ದುದರಿಂದ ಯಾವುದು ನಿಜವಾದ ದಾಟು ಎಂಬುದನ್ನು ನಿರ್ಣಯಿಸುವುದು ಪೌರವನಿಗೆ ಕಷ್ಟವಾಯಿತು. ಮೊದಲು ಮಗನನ್ನು ಕಳುಹಿಸಿದನು; ಅರಿಸ್ಟೊಬ್ಯುಲಸನ ಪ್ರಕಾರ 60 ರಥಗಳೊಡನೆ, ಟಾಲೆಮಿಯ ಪ್ರಕಾರ 2000 ಕುದುರೆ ಮತ್ತು 120 ರಥಗಳೊಡನೆ. ಮಳೆಯಿಂದ ಕೆಸರಾದ ನೆಲದಲ್ಲಿ ರಥಗಳು ನಿರುಪಯೋಗವಾದುವು. ರಾಜಪುತ್ರನೂ ಸುಮಾರು 400 ಸವಾರರೂ ಮಡಿದರು. ಅನಂತರ ಪೌರವನು ತನ್ನ ದೊಡ್ಡ ಸೇನೆಯನ್ನು ನಿಲ್ಲಿಸುವಾಗ ಕೆಸರಿಲ್ಲದ, ಮರಳಿನಿಂದ ಸಮವಾಗಿಯೂ ಗಟ್ಟಿಯಾಗಿಯೂ ಇದ್ದ ನೆಲವನ್ನು ಹುಡುಕಿ ಆರಿಸಿಕೊಂಡನೆಂದು ಅರಿಯನನೇ ಹೇಳುತ್ತಾನೆ. ಭೂಮಿವಿಚಯದ ಬೆಲೆಯು ಮಗನನ್ನು ತೆತ್ತ ಮೇಲೆ ತಿಳಿದುಬಂದಂತಾಯಿತು. ಅತ್ತ ಅಲೆಕ್ಸಾಂಡರನ ಪಕ್ಷದಲ್ಲಿಯೂ ನ್ಯೂನತೆ ಇಲ್ಲದೆ ಇರಲಿಲ್ಲ. ಆಚೆಯ ದಡವೆಂದು ತಿಳಿದು ಇಳಿದ ನೆಲವು ಇನ್ನೊಂದು ದ್ವೀಪವಾಗಿದ್ದು, ಎದೆಮಟ್ಟದ ನೀರಿನಲ್ಲಿ ಕಾಲಾಳುಗಳು ಮತ್ತೆ ದಾಟಬೇಕಾಯಿತು. ನೋಡುವವರ ಕಣ್ಣು ಸರಿಯಾಗಿದ್ದರೂ ಕೇಳುವವನ ಮನಸ್ಸು ಸಂದೇಹದಲ್ಲಿದ್ದರೆ ಸುದ್ದಿಯು ನಿಷ್ಫಲವೆಂಬುದೂ, ಮನಸ್ಸು ಎಷ್ಟು ಚುರುಕಾಗಿದ್ದರೂ ನೆಲವನ್ನು ಕಾಣದೆ ಹೋದರೆ ಅಪಾಯವೆಂಬುದೂ ಒಂದೇ ಇರುಳಿನಲ್ಲಿ ನಿದರ್ಶಿತವಾದುವು.

ಈಗ ಕೊನೆಯ ಪ್ರಶ್ನೆ. ಹೀಗೆ ಸೇನೆಯ ಪ್ರಾಣಕ್ಕೆ ಆಧಾರವಾದ ಈ ಜನರಿಗೆ ಸಂದ ಸ್ಥಾನವೇನು? ಭೃತ್ಯರ ವೇತನವನ್ನು ಹೇಳುವ ಪ್ರಕರಣದಲ್ಲಿ ಕಾಪಟಿಕ ಮೊದಲಾದ ಐವರಿಗೆ 1000 ಪಣ, ಸತ್ರಿ ಮೊದಲಾದವರಿಗೆ 500 ಪಣ, ಚಾರರ ನಡುವೆ ಸಂಚರಿಸುವವರಿಗೆ 250 ಪಣವೆಂದು ಗೊತ್ತಾಗಿದೆ. ಮಧ್ಯಮ ದೂತನಿಗೆ ಯೋಜನಕ್ಕೆ 10 ಪಣ; ಹತ್ತು ಯೋಜನವನ್ನು ಮೀರಿದರೆ ಎರಡರಷ್ಟು. ಆಟವಿಕಬಲಕ್ಕಾದರೋ ಕಾಡಿನ ಪದಾರ್ಥಗಳನ್ನು ಇಲ್ಲವೆ ಕೊಳ್ಳೆಯನ್ನು ಕೊಟ್ಟು ತೃಪ್ತಿಪಡಿಸತಕ್ಕದ್ದು. ಆರು ಬಗೆಯ ಬಲಗಳಲ್ಲಿ ಕೊನೆಯ ಸ್ಥಾನವು ಅದರದೇ. ಹಗೆಯಿಂದ ಬಂದ ಬಲಕ್ಕಿಂತಲೂ ಕೆಳಗೆ. ಕೊಳ್ಳೆಗಾಗಿಯೇ ಬರುವುದೆಂದೂ, ಕೊಳ್ಳೆ ಸಿಗದಿದ್ದರೆ ಮನೆಯೊಳಗಣ ಹಾವಿನಂತೆ ಭಯಕ್ಕೆ ಕಾರಣವೆಂದೂ ಗ್ರಂಥಕಾರನು ಎಚ್ಚರಿಸುತ್ತಾನೆ. ಅದೇ ಗ್ರಂಥಕಾರನು ಆ ಬಲವನ್ನು ಯಾವಾಗ ಕೂಡಿಸಿಕೊಳ್ಳಬೇಕೆಂದು ಹೇಳುವಾಗ ಎಣಿಸುವ ಮೊದಲ ಕಾರಣವು ದಾರಿಯನ್ನು ತೋರಿಸುವುದಕ್ಕೆ ಎಂಬುದು! ನಂಬದ ಕೈಯನ್ನು ಹಿಡಿದೇ ಕತ್ತಲೆಯಲ್ಲಿ ನಡೆಯಬೇಕಾದ ಈ ಸಂಕಟವನ್ನು ಗ್ರಂಥಕಾರನು ಮುಚ್ಚಿಡಲಿಲ್ಲ, ಪರಿಹರಿಸಲೂ ಇಲ್ಲ. ಪಾಳೆಯದ ಹೊರಗೆ ಬೇಡರ ಜೊತೆಯಲ್ಲಿಯೇ ಗೂಢವಾದ ಕಾವಲನ್ನೂ ಇಡಬೇಕೆಂಬ ವಿಧಿಯ ಇಂಗಿತವು ಇಲ್ಲಿ ಹೊಳೆಯುತ್ತದೆ. ಕಾಯುವವರನ್ನೂ ಕಾಯತಕ್ಕದ್ದು ಎಂದಾಯಿತು.

ಕವಿಗಳು ಈ ವಿಷಯದಲ್ಲಿ ಶಾಸ್ತ್ರಕಾರರಿಗಿಂತ ಉದಾರರಾಗಿದ್ದಾರೆ. ರವಿಕೀರ್ತಿಯು ಕ್ರಿ. ಶ. 634ರ ಐಹೊಳೆಯ ಶಾಸನದಲ್ಲಿ ಕಾಳಿದಾಸನೊಡನೆ ಹೆಸರಿಸಿರುವ ಭಾರವಿಯ ಕಿರಾತಾರ್ಜುನೀಯವನ್ನು ನಮ್ಮ ಪಾಠಶಾಲೆಗಳಲ್ಲಿ ಓದದವರಿಲ್ಲ. ಅದರ ಆರಂಭದಲ್ಲಿ ದುರ್ಯೋಧನನ ಆಳ್ವಿಕೆಯನ್ನು ನೋಡಿಕೊಂಡು ದ್ವೈತವನಕ್ಕೆ ಬರುವವನು ಒಬ್ಬ ವನೇಚರ, ವೇಷವು ಬ್ರಹ್ಮಚಾರಿಯದು. ಕೌಟಿಲೀಯವು ಬೇರೆಬೇರೆಯಾಗಿ ಇಟ್ಟ ಗೂಢಪುರುಷನ ವೇಷವನ್ನೂ ವನಚರನ ಕಣ್ಣನ್ನೂ ಕವಿಯು ಒಬ್ಬನಲ್ಲಿಯೇ ಕೂಡಿಸಿದ್ದಾನೆ. ಹಗೆಯು ಚೆನ್ನಾಗಿ ಆಳುತ್ತಿದ್ದಾನೆಂಬ ಅಪ್ರಿಯವಾದ ಸಂಗತಿಯನ್ನು ಆ ವನೇಚರನು ಅಳುಕದೆ ಅರಸನ ಮುಂದೆ ಹೇಳುತ್ತಾನೆ. ಒಡೆಯನನ್ನು ವಂಚಿಸುವುದು ಚಾರನಿಗೆ ಸಲ್ಲದೆಂದು ತಾನೇ ಹೇಳುತ್ತಾನೆ. ಸತ್ಕಾರವನ್ನು ಪಡೆದು ಹಿಂದಿರುಗುತ್ತಾನೆ. ಅವನ ಹೆಸರನ್ನು ಕವಿಯು ಹೇಳುವುದಿಲ್ಲ. ಆದರೆ ಪಾಂಡವರ ಮುಂದಿನ ಪ್ರಯತ್ನಕ್ಕೆಲ್ಲ ಅವನ ಮಾತೇ ಮೂಲ.

ಒಟ್ಟಿನಲ್ಲಿ ವಿದ್ಯೆ, ವ್ಯಾಯಾಮ, ವೃತ್ತಿ ಎಂಬ ಮೂರು ದಾರಿಗಳಿಂದ ಶಿಕ್ಷಿತರಾದ ಮೂರು ವರ್ಗದವರು ಅರಸನಿಗೆ ಕಣ್ಣಾಗಿದ್ದರೆಂದೂ, ಅವರಲ್ಲಿ ಮೊದಲನೆಯವರ ಕಪಟವನ್ನು ಮಿಕ್ಕ ಇಬ್ಬರಿಗೆ ಆರೋಪಿಸುವುದು ಗ್ರಂಥಕ್ಕೆ ವಿರುದ್ಧವೆಂದೂ ಇಷ್ಟರಿಂದ ಸಿದ್ಧವಾಗುತ್ತದೆ. ಚಾರ, ಗೂಢಪುರುಷ, ಲುಬ್ಧಕ, ವನಚರ, ಆಟವಿಕ ಎಂಬ ಪದಗಳನ್ನೆಲ್ಲ ಬೇಹುಗಾರನೆಂಬ ಒಂದೇ ಮಾತಿನಿಂದ ಕನ್ನಡಿಸುವುದನ್ನು ಬಿಟ್ಟು, ಒಂದೊಂದಕ್ಕೂ ಅದರದರ ಕಾರ್ಯವನ್ನು ನೋಡಿ ಪ್ರತಿಪದವನ್ನು ಕೊಡುವುದು ವಿದ್ಯಾರ್ಥಿಗಳಿಗೆ ಪಾಠ ಹೇಳುವವರ ಕರ್ತವ್ಯ. ಹಾಗೆ ಮಾಡಿದಲ್ಲಿ ಮರದ ಮೇಲೆ ಕುಳಿತು ಶಂಖವನ್ನು ಊದಿದ ಬೇಡನಿಗೆ ಸಲ್ಲಬೇಕಾದ ಸ್ಥಾನವು ಶಾಸ್ತ್ರದ ಓದಿನಲ್ಲಾದರೂ ಸಂದಂತಾಗುವುದು.